ದೇವರಾಜ ಅರಸು: ಜಾತಿಬಲವಿಲ್ಲದೆ ಅಧಿಕಾರ ಕಟ್ಟಿದ ಬಗೆ

ಪ್ರತಿ ವರ್ಷ ಆಗಸ್ಟ್ 20 ಬಂತೆಂದರೆ ಪಕ್ಷಭೇದವಿಲ್ಲದೆ ರಾಜ್ಯದ ನಾಯಕರು ಡಿ. ದೇವರಾಜ ಅರಸು ಅವರ ಭಾವಚಿತ್ರಕ್ಕೆ ಮಾಲೆ ಹಾಕುತ್ತಾರೆ. ಹಿಂದುಳಿದ ವರ್ಗಗಳ ಹರಿಕಾರ, ಗೇಣಿದಾರರ ಬಂಧು ಎಂಬ ಹೊಗಳಿಕೆಗಳು ಕೇಳಿಬರುತ್ತವೆ. ಆದರೆ ಈ ಹೊಗಳಿಕೆಯ ಹಿಂದೆ ಒಂದು ಪ್ರಶ್ನೆ ಉಳಿದುಬಿಡುತ್ತದೆ. ಲಕ್ಷಾಂತರ ಕುಟುಂಬಗಳಿಗೆ ಭೂಮಿ ಕೊಡಿಸಿದ, ದನಿಯಿಲ್ಲದ ಜಾತಿಗಳಿಗೆ ಶಾಲೆ ಮತ್ತು ಕಚೇರಿಗಳ ಬಾಗಿಲು ತೆರೆಸಿದ ನಾಯಕನನ್ನು 1980ರಲ್ಲಿ ಇದೇ ರಾಜ್ಯದ ಮತದಾರರು ಏಕೆ ಕೈಬಿಟ್ಟರು? ಅರಸು ಅವರ ರಾಜಕೀಯದ ಶಕ್ತಿ ಮತ್ತು ಮಿತಿ ಎರಡೂ ಈ ಪ್ರಶ್ನೆಯ ಉತ್ತರದಲ್ಲಿ ಅಡಗಿವೆ.

ಕಲ್ಲಹಳ್ಳಿಯಿಂದ ವಿಧಾನಸೌಧಕ್ಕೆ

ಮೈಸೂರು ಜಿಲ್ಲೆ ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯಲ್ಲಿ 1915ರಲ್ಲಿ ಜನಿಸಿದ ಅರಸು, ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ವಿಜ್ಞಾನ ಪದವಿ ಪಡೆದು ಊರಿಗೆ ಮರಳಿ ಬೇಸಾಯಕ್ಕೆ ಇಳಿದವರು. 1941ರಲ್ಲಿ ಮೈಸೂರು ಪ್ರಜಾಪ್ರತಿನಿಧಿ ಸಭೆಗೆ ಆಯ್ಕೆಯಾದರು. ಮರುವರ್ಷ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಜೈಲು ಕಂಡರು. 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಹುಣಸೂರಿನಿಂದ ಗೆದ್ದು ಶಾಸಕರಾದರು. ಎಸ್. ನಿಜಲಿಂಗಪ್ಪ ಅವರ ಸಂಪುಟದಲ್ಲಿ ಸಚಿವರೂ ಆಗಿದ್ದರು.

ಅವರು ಹುಟ್ಟಿದ ಅರಸು ಸಮುದಾಯಕ್ಕೆ ಮೈಸೂರು ರಾಜಮನೆತನದ ನಂಟಿತ್ತೇ ಹೊರತು ಮತಗಳ ಸಂಖ್ಯೆ ಇರಲಿಲ್ಲ. 1956ರ ಏಕೀಕರಣದಿಂದ 1971ರವರೆಗೆ ಮುಖ್ಯಮಂತ್ರಿಯಾದವರೆಲ್ಲರೂ ಲಿಂಗಾಯತರು. ಅದಕ್ಕೆ ಮುಂಚೆ ಹಳೆಯ ಮೈಸೂರಿನಲ್ಲಿ ಕೆಂಗಲ್ ಹನುಮಂತಯ್ಯ, ಕಡಿದಾಳ್ ಮಂಜಪ್ಪ ಅವರಂತಹ ಒಕ್ಕಲಿಗ ನಾಯಕರಿದ್ದರು. ಈ ಎರಡು ಪ್ರಬಲ ಸಮುದಾಯಗಳ ನಡುವೆ ಬೆರಳೆಣಿಕೆಯ ಮತಗಳ ಜಾತಿಯವನೊಬ್ಬ ಮುಖ್ಯಮಂತ್ರಿಯಾಗುವುದು ಆ ಕಾಲದ ಲೆಕ್ಕಾಚಾರಕ್ಕೆ ನಿಲುಕದ ಮಾತಾಗಿತ್ತು.

ಅವಕಾಶ ತೆರೆದದ್ದು 1969ರ ಕಾಂಗ್ರೆಸ್ ಒಡಕು. ನಿಜಲಿಂಗಪ್ಪ, ವೀರೇಂದ್ರ ಪಾಟೀಲ್ ಸೇರಿದಂತೆ ರಾಜ್ಯದ ಘಟಾನುಘಟಿಗಳೆಲ್ಲ ಸಂಸ್ಥಾ ಕಾಂಗ್ರೆಸ್ಸಿನಲ್ಲಿ ಉಳಿದರು. ಇಂದಿರಾ ಗಾಂಧಿಯವರ ಪರ ನಿಂತ ಕೆಲವೇ ಹಿರಿಯರಲ್ಲಿ ಅರಸು ಒಬ್ಬರು. ಅವರ ಹೆಗಲಿಗೆ ಹೊಸ ಪಕ್ಷವನ್ನು ಕಟ್ಟುವ ಹೊಣೆ ಬಿತ್ತು. 1971ರ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ 27 ಸ್ಥಾನಗಳೂ ಇಂದಿರಾ ಕಾಂಗ್ರೆಸ್ಸಿನ ಪಾಲಾದವು.

ಟಿಕೆಟ್ ಹಂಚಿಕೆಯ ಲೆಕ್ಕ

1972ರ ವಿಧಾನಸಭಾ ಚುನಾವಣೆಯ ಟಿಕೆಟ್ ಹಂಚಿಕೆಯಲ್ಲೇ ಅರಸು ರಾಜಕೀಯದ ತಿರುಳು ಕಾಣುತ್ತದೆ. ಪ್ರಬಲ ಸಮುದಾಯಗಳ ಹಳೆಯ ನಾಯಕರು ಎದುರಾಳಿ ಪಾಳಯದಲ್ಲಿದ್ದುದರಿಂದ, ಅವರು ಅದುವರೆಗೆ ವಿಧಾನಸಭೆಯನ್ನೇ ಕಾಣದ ಜಾತಿಗಳ ಯುವಕರನ್ನು ಹುಡುಕಿ ಕಣಕ್ಕಿಳಿಸಿದರು. ಗುರುಮಿಠಕಲ್‌ನಿಂದ ಮಲ್ಲಿಕಾರ್ಜುನ ಖರ್ಗೆ, ಕಾರ್ಕಳದಿಂದ ಎಂ. ವೀರಪ್ಪ ಮೊಯಿಲಿ ಶಾಸಕರಾದದ್ದು ಈ ಚುನಾವಣೆಯಲ್ಲಿ. 216 ಸ್ಥಾನಗಳಲ್ಲಿ ಕಾಂಗ್ರೆಸ್ 165ನ್ನು ಗೆದ್ದಿತು. 1972ರ ಮಾರ್ಚ್ 20ರಂದು ಅರಸು ಮುಖ್ಯಮಂತ್ರಿಯಾದರು. ಮೈಸೂರು ರಾಜ್ಯಕ್ಕೆ ‘ಕರ್ನಾಟಕ’ ಎಂಬ ಹೆಸರು ಬಂದದ್ದೂ ಅವರ ಅವಧಿಯಲ್ಲೇ, 1973ರ ನವೆಂಬರ್ 1ರಂದು.

ತಮಗೆ ಸ್ವಂತ ಜಾತಿಯ ಬಲವಿಲ್ಲ ಎಂಬ ಕೊರತೆಯನ್ನೇ ಅವರು ಬಂಡವಾಳ ಮಾಡಿಕೊಂಡರು. ಯಾವ ದೊಡ್ಡ ಗುಂಪಿಗೂ ಸೇರದವನಾದ್ದರಿಂದ ಚದುರಿದ ಸಣ್ಣ ಗುಂಪುಗಳನ್ನು ಒಂದೇ ಸೂರಿನಡಿ ತರಲು ಅವರಿಗೆ ಸಾಧ್ಯವಾಯಿತು. ಆದರೆ ಆ ಸೂರು ನಿಲ್ಲಲು ಬರಿಯ ಭಾಷಣ ಸಾಲದು, ಕೈಗೆ ಸಿಗುವ ಫಲ ಬೇಕು ಎಂಬುದನ್ನೂ ಅವರು ಅರಿತಿದ್ದರು.

ಉಳುವವನೇ ಹೊಲದೊಡೆಯ

1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿದಾರರು ನಡೆಸಿದ ಸತ್ಯಾಗ್ರಹ ಭೂಮಿಯ ಪ್ರಶ್ನೆಯನ್ನು ರಾಜ್ಯದ ಮುಂದಿಟ್ಟಿತ್ತು. 1961ರಲ್ಲಿ ಭೂ ಸುಧಾರಣಾ ಕಾಯ್ದೆಯೂ ಬಂದಿತ್ತು. ಆದರೆ ಸ್ವಂತ ಸಾಗುವಳಿಯ ಹೆಸರಿನಲ್ಲಿ ಒಡೆಯರು ಭೂಮಿಯನ್ನು ಮರಳಿ ಪಡೆಯಲು ಅದರಲ್ಲಿ ದಾರಿಗಳಿದ್ದವು. ಅರಸು ಸರ್ಕಾರದ ತಿದ್ದುಪಡಿ ಈ ದಾರಿಗಳನ್ನು ಮುಚ್ಚಿತು. 1974ರ ಮಾರ್ಚ್ 1ರಿಂದ ಗೇಣಿಗೆ ಕೊಟ್ಟ ಭೂಮಿಯೆಲ್ಲವೂ ಸರ್ಕಾರದಲ್ಲಿ ನಿಹಿತವಾಯಿತು. ಸೈನಿಕರು ಮತ್ತು ನಾವಿಕರನ್ನು ಬಿಟ್ಟರೆ ಬೇರಾರೂ ಭೂಮಿಯನ್ನು ಗೇಣಿಗೆ ಕೊಡುವಂತಿರಲಿಲ್ಲ.

ಕಾಯ್ದೆಗಿಂತ ಮುಖ್ಯವಾದದ್ದು ಅದನ್ನು ಜಾರಿಗೊಳಿಸಿದ ವಿಧಾನ. ಗೇಣಿದಾರ ನಮೂನೆ 7ರಲ್ಲಿ ಅರ್ಜಿ ಕೊಡಬೇಕಿತ್ತು. ಅದನ್ನು ತೀರ್ಮಾನಿಸಲು ತಾಲ್ಲೂಕುಗಳಲ್ಲಿ ಭೂ ನ್ಯಾಯಮಂಡಳಿಗಳು ರಚನೆಯಾದವು. ಉಪವಿಭಾಗಾಧಿಕಾರಿಯೇ ಅಧ್ಯಕ್ಷರು, ಜತೆಗೆ ಸರ್ಕಾರ ನೇಮಿಸಿದ ಸ್ಥಳೀಯ ಸದಸ್ಯರು, ಅವರಲ್ಲಿ ಪರಿಶಿಷ್ಟ ವರ್ಗಗಳ ಪ್ರತಿನಿಧಿಯೂ ಇರುತ್ತಿದ್ದರು. ವಕೀಲರಿಗೆ ಅಲ್ಲಿ ಪ್ರವೇಶವಿರಲಿಲ್ಲ. ತೀರ್ಪು ಒಪ್ಪದವರು ಸಿವಿಲ್ ನ್ಯಾಯಾಲಯಕ್ಕೆ ಹೋಗುವಂತಿರಲಿಲ್ಲ; ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕುವುದೊಂದೇ ಮಾರ್ಗವಾಗಿತ್ತು. ವಕೀಲರ ಮೇಲಿನ ನಿರ್ಬಂಧವನ್ನು ಸುಪ್ರೀಂ ಕೋರ್ಟ್ 1987ರಲ್ಲಿ ತಳ್ಳಿಹಾಕಿತಾದರೂ ಅಷ್ಟರಲ್ಲಿ ಬಹುಪಾಲು ಅರ್ಜಿಗಳು ಇತ್ಯರ್ಥವಾಗಿದ್ದವು. ಬಡ ಒಕ್ಕಲಿಗೂ ಹಣವಂತ ಒಡೆಯನಿಗೂ ನಡುವಿನ ವ್ಯಾಜ್ಯ ವರ್ಷಗಟ್ಟಲೆ ನಡೆದರೆ ಗೆಲ್ಲುವುದು ಯಾರೆಂಬುದನ್ನು ಬಲ್ಲವರು ರೂಪಿಸಿದ ವ್ಯವಸ್ಥೆ ಇದು.

ಎಂಟು ಲಕ್ಷಕ್ಕೂ ಹೆಚ್ಚು ಅರ್ಜಿಗಳು ಬಂದವು. ನಾಲ್ಕೂವರೆ ಲಕ್ಷಕ್ಕೂ ಹೆಚ್ಚು ಪ್ರಕರಣಗಳಲ್ಲಿ ತೀರ್ಪು ಗೇಣಿದಾರರ ಪರವಾಯಿತು. ಗೇಣಿ ಪದ್ಧತಿ ಆಳವಾಗಿ ಬೇರೂರಿದ್ದ ದಕ್ಷಿಣ ಕನ್ನಡ, ಉತ್ತರ ಕನ್ನಡ ಮತ್ತು ಶಿವಮೊಗ್ಗ ಜಿಲ್ಲೆಗಳ ಸಾಮಾಜಿಕ ಚಿತ್ರವೇ ಬದಲಾಯಿತು. ಮಿತಿಗಳೂ ಇದ್ದವು. ಗೇಣಿಯೇ ಇಲ್ಲದ, ಕೂಲಿಯನ್ನಷ್ಟೇ ನಂಬಿದ್ದ ಭೂಹೀನ ಕಾರ್ಮಿಕನಿಗೆ, ಅವರಲ್ಲೂ ಬಹುಸಂಖ್ಯಾತರಾದ ದಲಿತರಿಗೆ, ವಾಸದ ಮನೆಯ ಹಕ್ಕಿಗಿಂತ ಹೆಚ್ಚೇನೂ ಈ ಕಾಯ್ದೆಯಿಂದ ದಕ್ಕಲಿಲ್ಲ. ಮಿತಿ ಮೀರಿದ ಹಿಡುವಳಿಯಿಂದ ಹಂಚಿಕೆಗೆ ಸಿಕ್ಕ ಭೂಮಿಯೂ ಅಲ್ಪ.

ಹಾವನೂರು ವರದಿ

ಎರಡನೆಯ ಹೆಜ್ಜೆ ಮೀಸಲಾತಿ. ಹಿಂದುಳಿದವರಿಗೆ ಅವಕಾಶ ಕೊಡುವ ಚಿಂತನೆ ಮೈಸೂರಿಗೆ ಹೊಸದಲ್ಲ. ಮಿಲ್ಲರ್ ಸಮಿತಿಯ ಕಾಲದಿಂದಲೂ ಅದಿತ್ತು. ಆದರೆ 1963ರಲ್ಲಿ ಬಾಲಾಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ರಾಜ್ಯದ ಆದೇಶವನ್ನು ರದ್ದುಪಡಿಸಿದ ಮೇಲೆ, ಹಿಂದುಳಿದಿರುವಿಕೆಯನ್ನು ಅಂಕಿಅಂಶಗಳಿಂದ ತೋರಿಸುವುದು ಅನಿವಾರ್ಯವಾಗಿತ್ತು. ಅರಸು 1972ರಲ್ಲಿ ಎಲ್.ಜಿ. ಹಾವನೂರು ಅಧ್ಯಕ್ಷತೆಯ ಆಯೋಗ ನೇಮಿಸಿದರು. ಸಮೀಕ್ಷೆ ಮತ್ತು ಎಸ್ಸೆಸ್ಸೆಲ್ಸಿ ಫಲಿತಾಂಶಗಳನ್ನು ಆಧರಿಸಿ ಆಯೋಗ 1975ರ ನವೆಂಬರ್‌ನಲ್ಲಿ ವರದಿ ನೀಡಿತು. ಹಿಂದುಳಿದವರನ್ನು ಸಮುದಾಯಗಳು, ಜಾತಿಗಳು, ಬುಡಕಟ್ಟುಗಳು ಎಂದು ಮೂರಾಗಿ ವಿಂಗಡಿಸಿದ್ದು ಅದರ ವಿಶೇಷ. ಲಿಂಗಾಯತರನ್ನು ಪಟ್ಟಿಯಿಂದ ಹೊರಗಿಟ್ಟದ್ದು ತೀವ್ರ ವಿರೋಧಕ್ಕೆ ಕಾರಣವಾಯಿತು. ಅದನ್ನು ಲೆಕ್ಕಿಸದೆ 1977ರ ಫೆಬ್ರುವರಿಯಲ್ಲಿ ಸರ್ಕಾರ ಮೀಸಲಾತಿಯ ಆದೇಶ ಹೊರಡಿಸಿತು.

ಇದೇ ಅವಧಿಯಲ್ಲಿ ಜೀತಮುಕ್ತಿ, ಋಣಪರಿಹಾರ ಕ್ರಮಗಳು ಬಂದವು. ಪೌರಾಡಳಿತ ಸಚಿವ ಬಿ. ಬಸವಲಿಂಗಪ್ಪ ತಲೆಯ ಮೇಲೆ ಮಲ ಹೊರುವ ಪದ್ಧತಿಯನ್ನು ನಿಷೇಧಿಸಿದರು. ಆದರೆ 1973ರಲ್ಲಿ ‘ಬೂಸಾ ಸಾಹಿತ್ಯ’ದ ಮಾತಿನಿಂದ ಗಲಭೆ ಎದ್ದಾಗ ಅದೇ ಬಸವಲಿಂಗಪ್ಪ ಸಂಪುಟದಿಂದ ಹೊರಹೋಗಬೇಕಾಯಿತು. ಅರಸು ಯಾವಾಗ ಹೋರಾಡಬೇಕು, ಯಾವಾಗ ಬಗ್ಗಬೇಕು ಎಂದು ಅಳೆದು ನಡೆಯುವವರಾಗಿದ್ದರು ಎಂಬುದಕ್ಕೆ ಇದೊಂದು ನಿದರ್ಶನ.

ಆರೋಪ, ಆಯೋಗ, ಮರು ಆಯ್ಕೆ

ತುರ್ತುಪರಿಸ್ಥಿತಿಯಲ್ಲಿ ಅರಸು ಇಂದಿರಾ ಅವರ ಜತೆಗೇ ನಿಂತರು. 1977ರಲ್ಲಿ ಉತ್ತರ ಭಾರತದಲ್ಲಿ ಕಾಂಗ್ರೆಸ್ ನೆಲಕಚ್ಚಿದಾಗ ಕರ್ನಾಟಕದ 28 ಲೋಕಸಭಾ ಸ್ಥಾನಗಳಲ್ಲಿ 26 ಅದಕ್ಕೇ ದಕ್ಕಿದವು. ಕೇಂದ್ರದ ಜನತಾ ಸರ್ಕಾರ ಅರಸು ಮತ್ತು ಅವರ ಸಚಿವರ ವಿರುದ್ಧದ ಸ್ವಜನಪಕ್ಷಪಾತ, ಅಧಿಕಾರ ದುರ್ಬಳಕೆಯ ಆರೋಪಗಳ ತನಿಖೆಗೆ ನ್ಯಾಯಮೂರ್ತಿ ಎ.ಎನ್. ಗ್ರೋವರ್ ಆಯೋಗ ನೇಮಿಸಿತು. ಇದನ್ನು ರಾಜ್ಯ ಸರ್ಕಾರ ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಿ ಸೋತಿತು. ಕೆಲವು ಆರೋಪಗಳು ರುಜುವಾತಾಗಿವೆ ಎಂದು ಆಯೋಗ ಹೇಳಿತು. ಬಡವರ ಪರ ನಿಂತ ಆಡಳಿತಕ್ಕೆ ಅಂಟಿದ ಈ ಕಳಂಕವನ್ನು ಅವರ ಅಭಿಮಾನಿಗಳೂ ಅಲ್ಲಗಳೆಯುವಂತಿಲ್ಲ.

1977ರ ಡಿಸೆಂಬರ್ 31ರಂದು ಸರ್ಕಾರ ವಜಾಗೊಂಡು ರಾಷ್ಟ್ರಪತಿ ಆಳ್ವಿಕೆ ಬಂದಿತು. ಎರಡೇ ತಿಂಗಳಲ್ಲಿ ನಡೆದ ಚುನಾವಣೆಯಲ್ಲಿ ಇಂದಿರಾ ಕಾಂಗ್ರೆಸ್ 224ರಲ್ಲಿ 149 ಸ್ಥಾನ ಗೆದ್ದು, ಅರಸು ಮತ್ತೆ ಮುಖ್ಯಮಂತ್ರಿಯಾದರು. ಅದೇ ವರ್ಷ ನವೆಂಬರ್‌ನಲ್ಲಿ ಚಿಕ್ಕಮಗಳೂರು ಉಪಚುನಾವಣೆಯಲ್ಲಿ ಇಂದಿರಾ ವೀರೇಂದ್ರ ಪಾಟೀಲರನ್ನು ಮಣಿಸಿ ಲೋಕಸಭೆಗೆ ಮರಳಿದ್ದರ ಹಿಂದೆಯೂ ಅರಸು ಅವರ ದುಡಿಮೆ ಇತ್ತು.

ಕೈಕೊಟ್ಟ ಮತಗಳು

ಆ ಸಖ್ಯ ಬಹುಕಾಲ ಉಳಿಯಲಿಲ್ಲ. ಪಕ್ಷ ಮತ್ತು ಸರ್ಕಾರದ ಮೇಲಿನ ಹಿಡಿತದ ಪ್ರಶ್ನೆಯಲ್ಲಿ ಇಬ್ಬರ ನಡುವೆ ವಿರಸ ಬೆಳೆದು, 1979ರ ಜೂನ್‌ನಲ್ಲಿ ಅರಸು ಉಚ್ಚಾಟಿತರಾದರು. ಶಾಸಕರ ಬೆಂಬಲದಿಂದ ಸರ್ಕಾರ ಉಳಿಯಿತು. ಅವರ ಹೆಸರಿನಲ್ಲೇ ಕಾಂಗ್ರೆಸ್ (ಅರಸು) ಎಂಬ ರಾಷ್ಟ್ರೀಯ ಬಣವೂ ಹುಟ್ಟಿತು. ಆದರೆ 1980ರ ಜನವರಿಯ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ 28ರಲ್ಲಿ 27 ಸ್ಥಾನಗಳು ಇಂದಿರಾ ಕಾಂಗ್ರೆಸ್ಸಿಗೆ ಹೋದವು. ಶಾಸಕರು ಸಾಲುಸಾಲಾಗಿ ಪಕ್ಷ ಬದಲಿಸಿದರು. ಅರಸು ರಾಜೀನಾಮೆ ನೀಡಿದರು, ಆರ್. ಗುಂಡೂರಾವ್ ಮುಖ್ಯಮಂತ್ರಿಯಾದರು.

ಭೂಮಿ ಪಡೆದ ಒಕ್ಕಲು ಅರಸು ಅವರನ್ನು ಮರೆತನೇ? ಹಾಗೆ ಹೇಳುವುದು ಅನ್ಯಾಯವಾದೀತು. ಅರಸು ಸಣ್ಣ ಜಾತಿಗಳನ್ನು ಒಂದುಗೂಡಿಸಿದ್ದು ಇಂದಿರಾ ಹೆಸರಿನ, ‘ಗರೀಬಿ ಹಟಾವೊ’ ಘೋಷಣೆಯ ನೆರಳಿನಲ್ಲಿ. ಹಳ್ಳಿಯ ಮತದಾರನ ಕಣ್ಣಿಗೆ ಭೂಮಿ ಕೊಟ್ಟ ಅರಸು ಬೇರೆ, ಇಂದಿರಮ್ಮ ಬೇರೆ ಆಗಿರಲಿಲ್ಲ. ಇಬ್ಬರಲ್ಲಿ ಒಬ್ಬರನ್ನು ಆರಿಸಬೇಕಾದಾಗ ಮತ ದಿಲ್ಲಿಯ ಕಡೆ ಹರಿಯಿತು. ಪ್ರಬಲ ಜಾತಿಯ ನಾಯಕನಾಗಿದ್ದರೆ ಸೋತಾಗ ಮರಳಲು ಸ್ವಂತ ನೆಲೆಯೊಂದಿರುತ್ತಿತ್ತು. ಅರಸು ಅವರಿಗೆ ಅದಿರಲಿಲ್ಲ. ಮುಂದೆ ಕ್ರಾಂತಿರಂಗ ಕಟ್ಟಿದರಾದರೂ 1982ರ ಜೂನ್ 6ರಂದು ನಿಧನರಾದರು. ಏಳು ತಿಂಗಳ ತರುವಾಯ ಜನತಾ ಪಕ್ಷ ಮತ್ತು ಕ್ರಾಂತಿರಂಗ ಜತೆಗೂಡಿ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಸರ್ಕಾರಕ್ಕೆ ದಾರಿ ಮಾಡಿದ್ದನ್ನು ನೋಡಲು ಅವರಿರಲಿಲ್ಲ.

ಉಳಿದದ್ದೇನು?

ಸರ್ಕಾರ ಹೋಯಿತು, ಬಣ ಕರಗಿತು. ಪಹಣಿಯಲ್ಲಿ ಬರೆದ ಹೆಸರುಗಳು ಮಾತ್ರ ಅಳಿಯಲಿಲ್ಲ. ಮೀಸಲಾತಿಯ ಪಟ್ಟಿಗಳು ಅನೇಕ ಬಾರಿ ಬದಲಾದರೂ, ಹಿಂದುಳಿದವರಲ್ಲೇ ಹೆಚ್ಚು ಹಿಂದುಳಿದವರನ್ನು ಗುರುತಿಸುವ ಕ್ರಮವನ್ನು ನಂತರದ ಯಾವ ಸರ್ಕಾರವೂ ಕೈಬಿಡಲಿಲ್ಲ. ಹಾಗೆಂದು ಕಾನೂನು ಶಾಶ್ವತವೇನಲ್ಲ. ಕೃಷಿಕರಲ್ಲದವರು ಕೃಷಿ ಭೂಮಿ ಕೊಳ್ಳುವುದನ್ನು ತಡೆದಿದ್ದ 79ಎ ಮತ್ತು 79ಬಿ ಕಲಮುಗಳನ್ನು ರಾಜ್ಯ ಸರ್ಕಾರ 2020ರಲ್ಲಿ ತೆಗೆದುಹಾಕಿತು. ಅಂದು ರೈತ ಸಂಘಟನೆಗಳು ಬೀದಿಗಿಳಿದಾಗ ಅರಸು ಹೆಸರು ಮತ್ತೆ ಕೇಳಿಬಂತು.

ಜಾತಿಯ ತಲೆ ಎಣಿಸಿ ನಾಯಕತ್ವವನ್ನು ಅಳೆಯುವ ರೂಢಿ ಇಂದಿಗೂ ಬಲವಾಗಿದೆ. ಆ ಲೆಕ್ಕ ತಪ್ಪಾಗಬಲ್ಲದು ಎಂದು ಅರಸು 1972ರಲ್ಲಿ ತೋರಿಸಿದರು. ಅದನ್ನು ಮೀರಿ ನಿಲ್ಲುವುದು ಎಷ್ಟು ಕಷ್ಟ ಎಂಬುದನ್ನು 1980 ತೋರಿಸಿತು. ಆಗಸ್ಟ್ 20ರಂದು ಮಾಲೆ ಹಾಕುವವರು ಈ ಎರಡು ವರ್ಷಗಳನ್ನೂ ಒಟ್ಟಿಗೆ ನೆನೆಯುವುದು ಒಳಿತು.