ದ್ವೀಪಕ್ಕೂ ಬೇಕು ನಿರ್ಜರೆ

ದೋಣಿಯ ರಂಧ್ರದಿಂದ ನೀರು ಒಳನುಗ್ಗುವುದು ಆಸ್ರವ. ರಂಧ್ರವನ್ನು ಮುಚ್ಚುವುದು ಸಂವರ. ಅಷ್ಟರಿಂದಲೇ ದೋಣಿ ಹಗುರಾಗದು. ಒಳಗೆ ನಿಂತ ನೀರನ್ನು ಮೊಗೆದು ಹೊರಚೆಲ್ಲಬೇಕು. ಅದು ನಿರ್ಜರೆ. ಕರ್ಮವನ್ನು ಕುರಿತು ಜೈನಾಚಾರ್ಯರು ಹೇಳುತ್ತ ಬಂದ ಈ ದೃಷ್ಟಾಂತವು ಸೇನೆಗಳ ಗುರಿಯಾದ ದ್ವೀಪಗಳಿಗೂ ಒಪ್ಪುತ್ತದೆ.

ಉತ್ತರ ಕನ್ನಡದ ಮುರ್ಡೇಶ್ವರದಿಂದ ಸುಮಾರು 19 ಕಿ.ಮೀ. ದೂರದ ಕಡಲಿನಲ್ಲಿ ನೇತ್ರಾಣಿ ಇದೆ. ಅಲ್ಲಿ ಜನವಸತಿಯಿಲ್ಲ. ಹವಳದ ದಿಬ್ಬಗಳು, ಬಿಳಿಹೊಟ್ಟೆಯ ಕಡಲ ಹದ್ದುಗಳು ಅಲ್ಲಿನ ನಿವಾಸಿಗಳು. ಕರಾವಳಿಯ ಮೀನುಗಾರರಿಗೆ ಅದು ಹರಕೆಯ ತಾಣ. ಇದೇ ದ್ವೀಪವನ್ನು ನಮ್ಮ ನೌಕಾಪಡೆ ಗುರಿ ಅಭ್ಯಾಸಕ್ಕೆ ಬಳಸಿತು. ಪರಿಸರಾಸಕ್ತರು ಆಕ್ಷೇಪಿಸಿದರು.

ಸೈನಿಕನನ್ನು ದೂಷಿಸುವುದು ಸುಲಭ, ಆದರೆ ಜೈನಶಾಸ್ತ್ರ ಹಾಗೆ ಮಾಡುವುದಿಲ್ಲ. ಶ್ರಾವಕನು ಸಂಕಲ್ಪಿ ಹಿಂಸೆಯನ್ನು ಬಿಡಲೇಬೇಕು. ರಕ್ಷಣೆಗಾಗಿ ಅನಿವಾರ್ಯವಾಗುವ ವಿರೋಧಿ ಹಿಂಸೆಯನ್ನು ಗೃಹಸ್ಥನು ಪೂರ್ತಿ ತೊರೆಯಲಾರನೆಂಬುದನ್ನು ಶಾಸ್ತ್ರ ಬಲ್ಲದು. ಗೊಮ್ಮಟನನ್ನು ನಿಲ್ಲಿಸಿದ ಚಾವುಂಡರಾಯನೂ ದಂಡನಾಯಕನೇ ಅಲ್ಲವೆ! ಆದರೆ ಹವಳವೂ ಹಕ್ಕಿಯೂ ಯಾರಿಗೆ ವಿರೋಧಿಗಳು? ಈ ಪ್ರಶ್ನೆಯನ್ನು ಯಾವ ದೇಶರಕ್ಷಣೆಯ ಮಾತೂ ಅಳಿಸಲಾರದು.

ಸಂವರದ ಬಳಿಕ ನಿರ್ಜರೆ ಎಷ್ಟು ದೀರ್ಘವೆಂಬುದನ್ನು ಅರಿಯಲು ಹವಾಯಿಯ ಕಹೋಲಾವೆ ದ್ವೀಪವನ್ನು ನೋಡಬೇಕು. ಅಮೆರಿಕದ ಸೇನೆ 1941ರಲ್ಲಿ ಅದನ್ನು ವಶಪಡಿಸಿಕೊಂಡಿತು. 1965ರಲ್ಲಿ ಒಂದೊಂದು ಬಾರಿಗೆ 500 ಟನ್‌ನಂತೆ ಮೂರು ಸಲ ಸ್ಫೋಟಕಗಳನ್ನು ಅಲ್ಲಿ ಸಿಡಿಸಲಾಯಿತು. ಹವಾಯಿಯ ಮೂಲನಿವಾಸಿಗಳಿಗೆ ನೆಲವೆಂದರೆ ಜಡವಸ್ತುವಲ್ಲ, ಬಂಧು. ಪೃಥ್ವೀಕಾಯ, ಅಪ್ಕಾಯ ಜೀವಗಳನ್ನು ಬಲ್ಲ ಜೈನರಿಗೆ ಇದು ಅಪರಿಚಿತ ಮಾತೇನಲ್ಲ. 1976ರಲ್ಲಿ ಅವರಲ್ಲಿ ಕೆಲವರು ನಿಷೇಧವನ್ನು ಮೀರಿ, ಶಸ್ತ್ರವಿಲ್ಲದೆ, ದೋಣಿಯೇರಿ ಆ ದ್ವೀಪದಲ್ಲಿ ಇಳಿದರು. ಬಂಧನವಾದರೂ ಮತ್ತೆ ಮತ್ತೆ ಹೋದರು. ಕಡೆಗೆ 1990ರಲ್ಲಿ ಬಾಂಬ್ ದಾಳಿ ನಿಂತಿತು.

ರಂಧ್ರ ಮುಚ್ಚಿತು, ನೀರು ಒಳಗೇ ಇತ್ತು. ಶುದ್ಧೀಕರಣಕ್ಕಾಗಿ 40 ಕೋಟಿ ಡಾಲರ್ ವಿನಿಯೋಗವಾಯಿತು. ಆದರೂ 2004ರಲ್ಲಿ ನೌಕಾಪಡೆ ಕೆಲಸ ನಿಲ್ಲಿಸಿ ಹೊರಟಾಗ ದ್ವೀಪದ ಕಾಲುಭಾಗ ಮೇಲ್ಮೈಯಲ್ಲಿಯೂ ಶುದ್ಧವಾಗಿರಲಿಲ್ಲ. 4 ಅಡಿ ಆಳದವರೆಗೆ ಶುದ್ಧವಾದದ್ದು ಹತ್ತರಲ್ಲಿ ಒಂದು ಪಾಲು ಮಾತ್ರ.

ಸಿಡಿಯದ ಗುಂಡುಗಳು ಇನ್ನೂ ಮಣ್ಣಿನಲ್ಲಿವೆ. ಅಲ್ಲಿ ವ್ಯಾಪಾರವನ್ನು ಕಾನೂನು ನಿಷೇಧಿಸಿದೆ. ಸ್ವಯಂಸೇವಕರು ತಂಡತಂಡವಾಗಿ ಬಂದು, ಶುದ್ಧವಾದ ದಾರಿಯನ್ನು ಬಿಟ್ಟು ಅತ್ತಿತ್ತ ಕಾಲಿಡದೆ, ನೆಲ ಅಗೆಯಲಾಗದ ಕಡೆ ಮಣ್ಣನ್ನು ಮೇಲೆಯೇ ದಿಬ್ಬವಾಗಿ ಪೇರಿಸಿ, ಆ ದಿಬ್ಬದಲ್ಲಿ ಅಲ್ಲಿನದೇ ಹುಲ್ಲುಗಿಡಗಳನ್ನು ನೆಡುತ್ತಿದ್ದಾರೆ.