ಹೆಸರು ಬಿತ್ತುವವರು, ತೊಗರಿಗೆ ಕಾಯುವವರು

ಮಕ್ಕಳ ಕೈಗೆ ಟ್ರೇಡಿಂಗ್ ಕಾರ್ಡುಗಳು ಬಂದಿವೆ, ಆಟ ಇನ್ನೂ ಬಂದಿಲ್ಲ. ಅದನ್ನು ಕಲಿಸುವ ಮೊದಲ ಪೆಟ್ಟಿಗೆ ಹೇಗಿರಬೇಕು?

ಮೇ ತಿಂಗಳ ಮಧ್ಯಾಹ್ನ ಬಿಸಿಲು 40 ಡಿಗ್ರಿ ದಾಟಿತೆಂದರೆ ಶಹಾಬಾದಿನ ಮಕ್ಕಳೆಲ್ಲ ಪಡಸಾಲೆಗೆ ಬಂದು ಕೂಡುತ್ತಾರೆ. ಕೆಳಗೆ ಊರಿನದೇ ಫರಸಿ ಕಲ್ಲು, ತಣ್ಣಗೆ. ಅದರ ಮೇಲೆ ಸೀಮೆಸುಣ್ಣದಿಂದ ಗೆರೆ ಎಳೆದು ಹುಲಿಕಟ್ಟು, ಚೌಕಾಬಾರ ಆಡಿ ಎಷ್ಟೋ ತಲೆಮಾರು ಬೆಳೆದಿವೆ. ಹೋದ ಬೇಸಿಗೆಯಲ್ಲಿ ಅಲ್ಲಿಯ ಅಕ್ಕನ ಮನೆಗೆ ಹೋದಾಗ ಆ ನೆಲದ ಮೇಲೆ ಬಂಗಾರದ ಬಣ್ಣದ ಕಾರ್ಡುಗಳು ಹರಡಿದ್ದವು. ಜಾತ್ರೆಯಲ್ಲಿ ಕೊಂಡ ಪೋಕೆಮಾನ್ ಕಟ್ಟು.

“ಇಸ್ಪೀಟ್ ಆಡ್ಲತ್ತೀರೇನೋ?” ಎಂದು ಒಳಗಿನಿಂದ ಮುತ್ಯಾ ಕೇಳಿದರು.

“ಇಲ್ಲ ಮುತ್ಯಾ, ಇವು ಪೋಕೆಮಾನ್.”

“ಮತ್ತ ಇದನ್ನ ಹ್ಯಾಂಗ ಆಡ್ತಾರ?”

ಹುಡುಗರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಕಾರ್ಡಿನ ಮೂಲೆಯಲ್ಲಿದ್ದ ಅಂಕಿ ನೋಡಿ, ಯಾರದು ದೊಡ್ಡದೋ ಅವರು ಗೆದ್ದಂತೆ ಎಂದು ಆಡುತ್ತಿದ್ದರು. ಡಬ್ಲ್ಯುಡಬ್ಲ್ಯುಇ ಟ್ರಂಪ್ ಕಾರ್ಡಿನಲ್ಲಿ ಪೈಲ್ವಾನರ ಎತ್ತರ, ತೂಕ, ರ‍್ಯಾಂಕ್ ಹೋಲಿಸಿ ಆಡಿದ ಅನುಭವವನ್ನೇ ಇಲ್ಲಿಗೂ ತಂದಿದ್ದರು. ಕಾರ್ಡಿನಲ್ಲಿ ಬರೆದಿದ್ದ ಉಳಿದೆಲ್ಲವೂ ಅವರಿಗೆ ಬರೀ ಅಲಂಕಾರ. ನನಗೆ ಕೆಡುಕೆನಿಸಿತು. ಬುದ್ಧಿ ಇದೆ, ಹಂಬಲ ಇದೆ, ಕೈಯಲ್ಲಿ ಕಾರ್ಡೂ ಇದೆ. ಆಟ ಮಾತ್ರ ಅವರವರೆಗೆ ಬಂದಿಲ್ಲ. ಆ ದಿನದಿಂದ ಈ ಆಟ ಕಲಿಸುವ ‘ಸ್ಟಾರ್ಟರ್ ಸೆಟ್’ಗಳ ಬೆನ್ನು ಹತ್ತಿದೆ.

ಇಸ್ಪೀಟಿನ ಭಯ

ಮುತ್ಯಾನ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ. ನಮ್ಮ ಕಡೆ ‘ಎಲೆ ಆಡುವುದು’ ಎಂದರೆ ಕಣ್ಣ ಮುಂದೆ ಬರುವುದು ಅಂದರ್ ಬಾಹರ್, ಪೊಲೀಸರ ದಾಳಿ, ಒಡೆದ ಮನೆ. ಹಾಗೆಂದು ಎಲೆಯ ಆಟವೆಲ್ಲ ಜೂಜಲ್ಲ. ಸಿಕಂದರಾಬಾದಿನ ಒಂದು ಕ್ಲಬ್ಬಿನ ಪ್ರಕರಣದಲ್ಲೇ ಸುಪ್ರೀಂ ಕೋರ್ಟ್ 1967ರಲ್ಲಿ, ರಮ್ಮಿ ಮುಖ್ಯವಾಗಿ ಕೌಶಲದ ಆಟ ಎಂದು ಹೇಳಿತು. ಬಿದ್ದ ಎಲೆಗಳನ್ನು ನೆನಪಿಡಬೇಕು, ಯಾವುದನ್ನು ಹಿಡಿಯಬೇಕು, ಯಾವುದನ್ನು ಬಿಡಬೇಕು ಎಂದು ಲೆಕ್ಕ ಹಾಕಬೇಕು ಎಂಬುದು ಕಾರಣ.

ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794–1868) ಗಂಜೀಫಾ ಎಲೆಗಳ ಹೊಸ ಹೊಸ ಆಟಗಳನ್ನೇ ರೂಪಿಸಿದರು. ಅವರ ‘ಶ್ರೀತತ್ತ್ವನಿಧಿ’ಯ ಕೌತುಕನಿಧಿ ಭಾಗದಲ್ಲಿ ಅವುಗಳ ವಿವರವಿದೆ. ದಶಾವತಾರ ಗಂಜೀಫಾದಲ್ಲಿ ಅವತಾರಕ್ಕೆ 12ರಂತೆ 120 ದುಂಡನೆಯ ಎಲೆಗಳು. ಪ್ರತಿ ಪಂಗಡದಲ್ಲೂ ರಾಜ, ಮಂತ್ರಿ ಮತ್ತು 1ರಿಂದ 10ರವರೆಗಿನ ಎಲೆಗಳು. ಒಂದೊಂದು ಪಂಗಡಕ್ಕೆ ಒಂದೊಂದು ಹಿನ್ನೆಲೆ ಬಣ್ಣ. ಓದು ಬಾರದವರೂ ಬಣ್ಣ ನೋಡಿ ಗುರುತು ಹಿಡಿಯಬಹುದಾಗಿತ್ತು. ಹೊಸಬರನ್ನು ಕೈ ಹಿಡಿದು ಒಳಗೆ ಕರೆಯುವ ಜಾಣ್ಮೆ ಎಲೆಯ ಆಟದಲ್ಲಿ ಅಂದೇ ಇತ್ತು.

ಇಂದಿನ ಟ್ರೇಡಿಂಗ್ ಕಾರ್ಡ್ ಆಟ ಶುರುವಾದದ್ದು 1993ರಲ್ಲಿ. ಗಣಿತದ ಪ್ರಾಧ್ಯಾಪಕರಾಗಿದ್ದ ಅಮೆರಿಕದ ರಿಚರ್ಡ್ ಗಾರ್ಫೀಲ್ಡ್ ರೂಪಿಸಿದ ‘ಮ್ಯಾಜಿಕ್: ದ ಗ್ಯಾದರಿಂಗ್’ ಇದರ ಮೂಲಪುರುಷ. ಪೋಕೆಮಾನ್ ಕಾರ್ಡ್ ಆಟ ಜಪಾನಿನಲ್ಲಿ ಬಂದದ್ದು 1996ರಲ್ಲಿ. ಇಸ್ಪೀಟಿನಲ್ಲಿ ಎಲ್ಲರಿಗೂ ಅವೇ 52 ಎಲೆ. ಇಲ್ಲಿ ಸಾವಿರಾರು ಬಗೆಯ ಕಾರ್ಡುಗಳಿರುತ್ತವೆ. ಅವುಗಳಲ್ಲಿ ತನಗೆ ಬೇಕಾದವನ್ನು ಆರಿಸಿ ಆಟಗಾರ ತನ್ನದೇ ಕಟ್ಟು ಕಟ್ಟಿಕೊಂಡು ಬರುತ್ತಾನೆ. ಬೇಡದ ಕಾರ್ಡನ್ನು ಗೆಳೆಯನ ಜೊತೆ ಅದಲುಬದಲು ಮಾಡಿಕೊಳ್ಳುತ್ತಾನೆ. ‘ಟ್ರೇಡಿಂಗ್’ ಎಂಬ ಹೆಸರು ಬಂದದ್ದು ಇದರಿಂದ. ಮ್ಯಾಜಿಕ್ಕಿನ ಮೊದಲ ನಿಯಮಗಳಲ್ಲಿ ಒಂದು ಕಾರ್ಡನ್ನು ಪಣಕ್ಕಿಟ್ಟು, ಗೆದ್ದವರು ಒಯ್ಯುವ ಪದ್ಧತಿಯಿತ್ತು. ಮುಂದೆ ಅದನ್ನು ಕೈಬಿಟ್ಟರು. ಮನೆಯಲ್ಲಿ ಮೊದಲ ದಿನವೇ ಹೇಳಬೇಕಾದ ಮಾತೂ ಅದೇ: ಸೋತವರ ಕಾರ್ಡು ಸೋತವರದೇ.

ಹೊಲ ಗೊತ್ತಿದ್ದವರಿಗೆ ಆಟ ಗೊತ್ತು

ಈ ಆಟಗಳ ಜೀವಾಳ ಒಂದು ಸಣ್ಣ ಮಾತಿನಲ್ಲಿದೆ: ಮೊದಲು ಹಾಕಬೇಕು, ಆಮೇಲೆ ಪಡೆಯಬೇಕು. ಮ್ಯಾಜಿಕ್ಕಿನಲ್ಲಿ ಒಂದು ಸರದಿಗೆ ಒಂದೇ ‘ಭೂಮಿ’ ಕಾರ್ಡು ಇಳಿಸಬಹುದು. ಪೋಕೆಮಾನಿನಲ್ಲಿ ಸರದಿಗೆ ಒಂದು ‘ಶಕ್ತಿ’ ಕಾರ್ಡು ಜೋಡಿಸಬಹುದು. ದೊಡ್ಡ ಪ್ರಾಣಿಯ ಕಾರ್ಡು ಕೈಯಲ್ಲಿದ್ದರೂ ಅಷ್ಟು ಶಕ್ತಿ ಕೂಡುವವರೆಗೆ ಅದು ಹೊಡೆಯಲಾರದು. ದೊಡ್ಡ ಅಂಕಿಯ ಕಾರ್ಡುಗಳನ್ನೇ ತುಂಬಿಕೊಂಡು ಬಂದವನು ಸುಮ್ಮನೆ ಕೂತು ಸೋಲುವುದು ಇದರಿಂದಲೇ. ಫರಸಿಯ ಮೇಲೆ ಕೂತ ನಮ್ಮ ಹುಡುಗರಿಗೆ ಸಿಗದೇ ಹೋದದ್ದು ಈ ಒಂದು ಕೀಲಿ.

ಇದನ್ನು ಸೇಡಂ, ಚಿಂಚೋಳಿಯ ರೈತರ ಮಕ್ಕಳಿಗೆ ವಿವರಿಸುವುದು ಕಷ್ಟವಲ್ಲ. ಮುಂಗಾರಿಗೆ ಹೆಸರು ಬಿತ್ತಿದರೆ ಎರಡು ಎರಡೂವರೆ ತಿಂಗಳಲ್ಲಿ ಕೈಗೆ ಬರುತ್ತದೆ. ಆದಾಯ ಸಣ್ಣದು, ಆದರೆ ಬೇಗ. ತೊಗರಿ ಆರು ತಿಂಗಳು ಹೊಲದಲ್ಲಿರುತ್ತದೆ. ಕಾಯಿಕೊರಕ, ಮಂಜು, ಅಕಾಲದ ಮಳೆ ಎಲ್ಲವನ್ನೂ ದಾಟಿ ಬಂದರೆ ಅದೇ ವರ್ಷದ ಆಸರೆ. ಕಾರ್ಡ್ ಆಟಗಾರರಲ್ಲೂ ಇವೇ ಎರಡು ದಾರಿ. ಸಣ್ಣ ಕಾರ್ಡುಗಳಿಂದ ಮೊದಲ ಸರದಿಯಿಂದಲೇ ಮೇಲೆ ಬೀಳುವವರದು ಹೆಸರಿನ ಕಟ್ಟು. ಪೆಟ್ಟು ತಿಂದುಕೊಂಡು, ತಡೆದುಕೊಂಡು, ಕೊನೆಗೆ ದೊಡ್ಡದನ್ನು ಇಳಿಸುವವರದು ತೊಗರಿಯ ಕಟ್ಟು. ಎರಡೂ ಗೆಲ್ಲಬಹುದು. ಹೆಸರು, ತೊಗರಿ ಒಟ್ಟಿಗೆ ಬಿತ್ತುವ ಜಾಣ ರೈತನಂತೆ ಎರಡನ್ನೂ ಬೆರೆಸಿದ ಕಟ್ಟೂ ಇದೆ. ಇಂಥ ಲೆಕ್ಕ ಮನೆಯಲ್ಲಿ ದಿನಾ ಕೇಳುವ ಮಗು ಈ ಆಟಕ್ಕೆ ಅರ್ಧ ತಯಾರಾಗಿಯೇ ಬಂದಿರುತ್ತದೆ.

ಒಳ್ಳೆಯ ಪೆಟ್ಟಿಗೆಯ ಗುರುತು

ಬಿಡಿ ಪೊಟ್ಟಣದಿಂದ ಯಾರೂ ಆಟ ಕಲಿಯಲಾರರು. ‘ಬೂಸ್ಟರ್ ಪ್ಯಾಕ್’ ಎಂಬ ಆ ಪೊಟ್ಟಣದಲ್ಲಿ ಯಾವ ಕಾರ್ಡು ಬರುತ್ತದೆಂದು ಒಡೆಯುವವರೆಗೆ ತಿಳಿಯದು. ಪೋಕೆಮಾನಿನ ಪೂರ್ಣ ಆಟಕ್ಕೆ ಒಬ್ಬೊಬ್ಬರಿಗೆ 60 ಕಾರ್ಡು ಬೇಕು, ಅದೂ ಒಂದಕ್ಕೊಂದು ಹೊಂದಬೇಕು. ಪೊಟ್ಟಣದ ಮೇಲೆ ಪೊಟ್ಟಣ ಒಡೆದರೂ ಅಂಥ ಕಟ್ಟು ತಾನಾಗಿ ಕೂಡುವುದಿಲ್ಲ. ದುಡ್ಡು ಹೋಗುತ್ತದೆ, ‘ಇನ್ನೊಂದು ಒಡೆದರೆ ಸಿಗಬಹುದು’ ಎಂಬ ಚಟ ಉಳಿಯುತ್ತದೆ. ಮುತ್ಯಾನ ಭಯ ನಿಜವಾಗುವ ಜಾಗ ಇದೊಂದೇ.

ಸ್ಟಾರ್ಟರ್ ಸೆಟ್ಟಿನಲ್ಲಿ ಅದೃಷ್ಟದ ಮಾತಿಲ್ಲ. ಒಳಗೇನಿದೆ ಎಂದು ಪೆಟ್ಟಿಗೆಯ ಮೇಲೆಯೇ ಬರೆದಿರುತ್ತದೆ. 2020ರಲ್ಲಿ ಬಂದ ಪೋಕೆಮಾನ್ ‘ಬ್ಯಾಟಲ್ ಅಕಾಡೆಮಿ’ಯಲ್ಲಿ ಮೂರು ಸಿದ್ಧ ಕಟ್ಟುಗಳು, ಯಾವ ಕಾರ್ಡು ಎಲ್ಲಿಡಬೇಕೆಂದು ತೋರಿಸುವ ಮಣೆ, ಮಾರ್ಗದರ್ಶಿ ಪುಸ್ತಿಕೆಗಳಿದ್ದವು. ಕಲಿಯುವ ಆಟದ ಕಾರ್ಡುಗಳಿಗೆ ಕ್ರಮಸಂಖ್ಯೆ ಹಾಕಿದ್ದರು. ಎಲೆ ಕಲಸದೆ ಆ ಕ್ರಮದಲ್ಲೇ ಇಟ್ಟುಕೊಂಡರೆ ಮೊದಲ ಆಟವನ್ನು ಪುಸ್ತಿಕೆಯೇ ಸರದಿ ಸರದಿಯಾಗಿ ಆಡಿಸುತ್ತದೆ. ಇನ್ನೂ ಚಿಕ್ಕವರಿಗೆಂದು 2023ರಲ್ಲಿ ಬಂದ ‘ಮೈ ಫಸ್ಟ್ ಬ್ಯಾಟಲ್’ನಲ್ಲಿ ಕಟ್ಟಿಗೆ 17 ಕಾರ್ಡು ಮಾತ್ರ. ಮ್ಯಾಜಿಕ್ 2024ರ ನವೆಂಬರಿನಲ್ಲಿ ತಂದ ‘ಫೌಂಡೇಶನ್ಸ್ ಬಿಗಿನರ್ ಬಾಕ್ಸ್’ನಲ್ಲಿ 20 ಕಾರ್ಡುಗಳ ಹತ್ತು ಅರ್ಧ ಕಟ್ಟುಗಳಿವೆ. ಬೆಕ್ಕು ಮತ್ತು ರಕ್ತಪಿಶಾಚಿಯ ಎರಡು ಕಟ್ಟುಗಳಿಂದ ಪಾಠ ಮುಗಿಸಿ, ಆಮೇಲೆ ಯಾವುದಾದರೂ ಎರಡನ್ನು ಕೂಡಿಸಿ 40ರ ಕಟ್ಟು ಮಾಡಿಕೊಂಡು ಆಡಬಹುದು. ಕಟ್ಟು ಕಟ್ಟುವ ಕಲೆಯ ಮೊದಲ ಪಾಠ ಅದು.

ಇವನ್ನೆಲ್ಲ ನೋಡಿದ ಮೇಲೆ ನನ್ನ ಮನಸ್ಸಿನಲ್ಲಿ ನಾಲ್ಕು ಅಳತೆಗಳು ಉಳಿದವು. ಇಬ್ಬರಿಗೆ ಬೇಕಾದದ್ದು ಒಂದೇ ಪೆಟ್ಟಿಗೆಯಲ್ಲಿರಬೇಕು. ಎರಡು ಕಟ್ಟುಗಳ ಬಲ ಸರಿಸಮ ಇರಬೇಕು. ಮೊದಲ ಆಟ ಅರ್ಧ ಗಂಟೆಯೊಳಗೆ ಮುಗಿಯಬೇಕು. ನಿಯಮ ಪುಸ್ತಕದಲ್ಲಿ ಅಡಗಿರದೆ ಮಣೆಯ ಮೇಲೆ, ಕಾರ್ಡಿನ ಮೇಲೆ ಕಾಣುತ್ತಿರಬೇಕು. ಜಾತ್ರೆಯ ಬಂಗಾರದ ಕಟ್ಟಿನಲ್ಲಿ ಇವು ಯಾವುವೂ ಇರಲಿಲ್ಲ. ಪೂರ್ತಿ ಕಟ್ಟಿಗೆ ಕಟ್ಟೇ ಲೋಹದಂತೆ ಹೊಳೆಯುತ್ತಿದ್ದರೆ, ಅಕ್ಷರ ತಪ್ಪಿದ್ದರೆ ಅದು ನಕಲಿಯೆಂದು ತಿಳಿಯಬೇಕು.

ನಲಿಕಲಿಯ ತಟ್ಟೆ

ಕ್ರಮಸಂಖ್ಯೆ ಹಾಕಿದ ಆ ಕಾರ್ಡುಗಳನ್ನು ನೋಡಿದಾಗ ನನಗೆ ನೆನಪಾದದ್ದು ನಮ್ಮ ಸರ್ಕಾರಿ ಶಾಲೆ. 1995ರಲ್ಲಿ ಹೆಗ್ಗಡದೇವನಕೋಟೆಯಲ್ಲಿ ಶುರುವಾಗಿ ಆಮೇಲೆ ರಾಜ್ಯದ ಕನ್ನಡ ಶಾಲೆಗಳಿಗೆಲ್ಲ ಹಬ್ಬಿದ ನಲಿಕಲಿ ಪದ್ಧತಿಯಲ್ಲಿ ಚಿಕ್ಕ ಮಕ್ಕಳು ಕಲಿಯುವುದೇ ಕಾರ್ಡುಗಳಿಂದ. ಕಲಿಕಾ ಏಣಿಯಲ್ಲಿ ತಾನು ಯಾವ ಮೆಟ್ಟಿಲಲ್ಲಿದ್ದೇನೆಂದು ಮಗುವೇ ಲೋಗೋ ನೋಡಿ ಗುರುತಿಸುತ್ತದೆ, ತನ್ನ ಕಾರ್ಡು ತಾನೇ ತರುತ್ತದೆ. ಮೊದಲ ತಟ್ಟೆಯಲ್ಲಿ, ಅಂದರೆ ಗುಂಪಿನಲ್ಲಿ, ಶಿಕ್ಷಕರ ಪೂರ್ಣ ಸಹಾಯ, ಆಮೇಲೆ ಅರ್ಧ ಸಹಾಯ, ಮುಂದೆ ಗೆಳೆಯರ ಸಹಾಯ, ಕೊನೆಗೆ ಸ್ವಕಲಿಕೆ.

ಕಾರ್ಡ್ ಆಟ ಕಲಿಸಲು ಇದಕ್ಕಿಂತ ಒಳ್ಳೆಯ ಕ್ರಮ ನನಗೆ ಕಂಡಿಲ್ಲ. ಮೊದಲ ಆಟದಲ್ಲಿ ಇಬ್ಬರೂ ಎಲೆಗಳನ್ನು ತೆರೆದಿಟ್ಟು ಆಡಲಿ, ಗೊತ್ತಿದ್ದವರು ಪಕ್ಕದಲ್ಲಿ ಕೂತು ಪ್ರತಿ ಸರದಿಯನ್ನೂ ಬಾಯಿಬಿಟ್ಟು ಹೇಳಲಿ. ಎರಡನೆಯದರಲ್ಲಿ ಕೇಳಿದರೆ ಮಾತ್ರ ಹೇಳಲಿ. ಮೂರನೆಯದರಲ್ಲಿ ಎಲೆ ಮುಚ್ಚಿಟ್ಟು ಮಕ್ಕಳೇ ಆಡಲಿ. ನಾಲ್ಕನೆಯ ದಿನ ಆ ಇಬ್ಬರೂ ಬೇರೊಬ್ಬರಿಗೆ ಕಲಿಸಲಿ. ಪುಸ್ತಕ ಓದದೆ ಕಲಿಯುವುದು ಈ ಕಡೆ ಹೊಸದಲ್ಲ. ಸೇಡಂ ತಾಲ್ಲೂಕಿನ ಮಳಖೇಡ ರಾಷ್ಟ್ರಕೂಟರ ರಾಜಧಾನಿಯಾಗಿತ್ತು. ಅಲ್ಲಿಯ ನೃಪತುಂಗನ ಕಾಲದ ‘ಕವಿರಾಜಮಾರ್ಗ’, ಓದದೆಯೂ ಕಾವ್ಯದ ಮರ್ಮ ಬಲ್ಲವರು ಎಂದು ಈ ನಾಡಿನ ಜನರನ್ನು ಮೆಚ್ಚಿತು. ಅವರ ಮಕ್ಕಳ ಮುಂದೆ ಇಂಗ್ಲಿಷಿನ ದಪ್ಪ ನಿಯಮ ಪುಸ್ತಕ ಹಿಡಿದು ‘ಮೊದಲು ಇದನ್ನು ಓದು’ ಎನ್ನುವುದು ಬಾಗಿಲು ಹಾಕಿದಂತೆಯೇ.

ನಮ್ಮದೇ ಮೊದಲ ಕಟ್ಟು

ಇಷ್ಟಾದರೂ ಎರಡು ತೊಡಕು ಉಳಿಯುತ್ತವೆ. ಕಾರ್ಡಿನ ಮೇಲಿನ ಬರಹ ಇಂಗ್ಲಿಷಿನಲ್ಲಿದೆ, ಪೆಟ್ಟಿಗೆಯ ಬೆಲೆ ಕೂಲಿಯವರ ಮನೆಗೆ ಭಾರ. ಹಾಗಾಗಿ ಅಕ್ಕನ ಮಕ್ಕಳ ಜೊತೆ ಕೂತು ಮನೆಯಲ್ಲೇ ಒಂದು ಕಟ್ಟು ಮಾಡಿದೆ. ಕಾರ್ಡಿನ ಅಳತೆ 6.3 ಸೆಂ.ಮೀ. ಅಗಲ, 8.8 ಸೆಂ.ಮೀ. ಎತ್ತರ. ಒಂದು ಎ4 ದಪ್ಪ ಹಾಳೆಯಲ್ಲಿ ಒಂಬತ್ತು ಬರುತ್ತವೆ. ಐದು ಹಾಳೆಗೆ ಇಬ್ಬರ 40 ಕಾರ್ಡುಗಳಾಗಿ ಐದು ಉಳಿಯುತ್ತವೆ.

ಒಬ್ಬೊಬ್ಬರಿಗೆ 20 ಕಾರ್ಡು. ಎಂಟು ನೀರು, ನಾಲ್ಕು ಹೆಸರು, ಮೂರು ಜೋಳ, ಎರಡು ತೊಗರಿ, ಜೊತೆಗೆ ಮಳೆ, ಬರ, ಕಾಯಿಕೊರಕ ಒಂದೊಂದು. ಶುರುವಿಗೆ ಕೈಯಲ್ಲಿ ನಾಲ್ಕು. ಸರದಿಗೊಂದು ಎಲೆ ಎಳೆಯಬೇಕು, ಒಂದು ನೀರು ಇಳಿಸಬಹುದು. ಇಳಿಸಿದ ನೀರು ಪ್ರತಿ ಸರದಿಗೂ ಬಳಕೆಗೆ ಬರುತ್ತದೆ. ಹೆಸರಿಗೆ ಒಂದು ನೀರು, ಒಂದು ಅಂಕ. ಜೋಳಕ್ಕೆ ಎರಡು ನೀರು, ಎರಡು ಅಂಕ. ತೊಗರಿಗೆ ನಾಲ್ಕು ನೀರು, ಐದು ಅಂಕ. ಮಳೆ ಬಂದರೆ ಇನ್ನೆರಡು ಎಲೆ ಎಳೆಯಬಹುದು. ಬರ ಹಾಕಿದರೆ ಎದುರಿನವರು ಮುಂದಿನ ಸರದಿಯಲ್ಲಿ ನೀರು ಇಳಿಸುವಂತಿಲ್ಲ. ಕಾಯಿಕೊರಕ ಬಿದ್ದರೆ ಎದುರಿನವರ ಒಂದು ಬೆಳೆ ಅವರ ಕೈಗೆ ವಾಪಸ್. ಮೊದಲು ಹತ್ತು ಅಂಕ ಮುಟ್ಟಿದವರು ಗೆದ್ದರು.

ನಾಲ್ಕಾರು ಆಟ ಆದ ಮೇಲೆ, ಉಳಿದ ಕಾರ್ಡುಗಳಲ್ಲಿ ಹೊಸದನ್ನು ಬರೆದು ಬೇಕಾದ್ದನ್ನು ಬದಲಿಸಿಕೊಳ್ಳಿ ಎಂದೆ. ದೊಡ್ಡವನು ತೊಗರಿ ಹೆಚ್ಚಿಸಿದ. ಚಿಕ್ಕವಳು ಜೋಳ ತೆಗೆದು ಹೆಸರು ಸೇರಿಸಿದಳು, ಅವನ ತೊಗರಿ ಏಳುವ ಮೊದಲೇ ಹತ್ತು ಮುಟ್ಟಿದಳು. ಮರುದಿನ ಅವನು ಒಂದು ಕಾಯಿಕೊರಕ ಹೆಚ್ಚು ಮಾಡಿಕೊಂಡು ಬಂದ. ಯಾರೂ ಹೇಳಿಕೊಡದೆ ಅವರು ಕಟ್ಟು ಕಟ್ಟತೊಡಗಿದ್ದರು. ಟ್ರೇಡಿಂಗ್ ಕಾರ್ಡ್ ಆಟವೆಂದರೆ ಅಷ್ಟೇ. ಇಷ್ಟು ಬಂದವರಿಗೆ ಪೋಕೆಮಾನಿನ ‘ಶಕ್ತಿ’ಯೂ ಮ್ಯಾಜಿಕ್ಕಿನ ‘ಭೂಮಿ’ಯೂ ಹೊಸದಾಗಿ ಕಾಣುವುದಿಲ್ಲ.

ಪೆಟ್ಟಿಗೆ ಎಲ್ಲಿರಬೇಕು?

ಇಂಥ ಆಟದ ಅಂಗಡಿಯನ್ನು ಚಿಂಚೋಳಿಯಲ್ಲಿ ಹುಡುಕಿ ಫಲವಿಲ್ಲ. ಪ್ರತಿ ಮನೆಯೂ ಪೆಟ್ಟಿಗೆ ಕೊಳ್ಳಬೇಕಾಗಿಯೂ ಇಲ್ಲ. ನಮ್ಮ ಗ್ರಾಮ ಪಂಚಾಯಿತಿ ಗ್ರಂಥಾಲಯಗಳು ಈಗ ಅರಿವು ಕೇಂದ್ರಗಳಾಗಿವೆ. ಅಲ್ಲಿ ಪುಸ್ತಕದ ಪಕ್ಕ ಒಂದು ಸ್ಟಾರ್ಟರ್ ಸೆಟ್, ಮಕ್ಕಳೇ ಬರೆದ ನಾಲ್ಕು ಕನ್ನಡ ಕಟ್ಟುಗಳಿದ್ದರೆ ಊರಿನ ಮಕ್ಕಳಿಗೆಲ್ಲ ಸಾಕು. ಚಿತ್ತಾಪುರದ ಬಳಿಯ ನಾಗಾವಿಯಲ್ಲಿ 11ನೇ ಶತಮಾನದಲ್ಲೇ ಘಟಿಕಾಸ್ಥಾನವಿತ್ತು, ಅದರ ಪುಸ್ತಕ ಭಂಡಾರ ನೋಡಿಕೊಳ್ಳಲು ಸರಸ್ವತಿ ಭಂಡಾರಿಗರಿದ್ದರು ಎಂದು ಶಾಸನ ಹೇಳುತ್ತದೆ. ಕಲಿಯುವ ಸಾಮಗ್ರಿಯನ್ನು ಊರೇ ಕಾಪಾಡುವ ಆ ರೂಢಿಗೆ ಒಂದು ಆಟದ ಪೆಟ್ಟಿಗೆ ಹೊರಗಿನದಲ್ಲ.

ರಜೆ ಮುಗಿಸಿ ಹೊರಟ ದಿನ, ಬ್ಯಾಗ್ ಹಿಡಿದು ಪಡಸಾಲೆಗೆ ಬಂದಾಗ ಚಿಕ್ಕವಳ ಎದುರು ಮುತ್ಯಾ ಕೂತಿದ್ದರು. ಕನ್ನಡಕ ಏರಿಸಿ ಕೈಯಲ್ಲಿದ್ದ ಎಲೆಗಳನ್ನು ನೋಡುತ್ತಿದ್ದರು. ಎರಡು ಸರದಿಯಿಂದ ಏನನ್ನೂ ಬಿತ್ತಿರಲಿಲ್ಲ.

“ಮುತ್ಯಾ, ಹೆಸರರೆ ಹಾಕ್ರಿ,” ಅಂದಳು ಅವಳು.

“ತಡಿ ಅವ್ವ,” ಎಂದರು ಮುತ್ಯಾ, ನಾಲ್ಕನೆಯ ನೀರು ಇಳಿಸುತ್ತ, “ತೊಗರಿ ಐತಿ.”