ಹದಿಹರೆಯ: ಮಕ್ಕಳೂ ಪೋಷಕರೂ ತಿಳಿದಿರಬೇಕಾದುದು

ಬಾಲ್ಯಕ್ಕೂ ಯೌವನಕ್ಕೂ ನಡುವಿನ ಕಾಲವೇ ಹದಿಹರೆಯ. ವಿಶ್ವ ಆರೋಗ್ಯ ಸಂಸ್ಥೆಯು 10ರಿಂದ 19 ವರ್ಷದವರೆಗಿನ ವಯಸ್ಸನ್ನು ಹೀಗೆ ಗುರುತಿಸಿದೆ. ನಮ್ಮ ಪ್ರೌಢಶಾಲೆಯ ಮಕ್ಕಳೆಲ್ಲರೂ ಈ ವಯಸ್ಸಿನವರೇ. ಈ ವಿಷಯ ಮಾತನಾಡಲು ಹಿರಿಯರಿಗೆ ಸಂಕೋಚ. ಕೇಳಲು ಮಕ್ಕಳಿಗೆ ನಾಚಿಕೆ. ಹೀಗಾಗಿ ಗೆಳೆಯರ ಪಿಸುಮಾತೇ ಪಾಠವಾಗಿಬಿಡುತ್ತದೆ. ಅದು ಸಲ್ಲದು.

ಮೆದುಳಿನ ಬುಡದಲ್ಲಿ ಪಿಟ್ಯುಟರಿ ಎಂಬ ಪುಟ್ಟ ಗ್ರಂಥಿಯಿದೆ. ಅದು ಸ್ರವಿಸುವ ಹಾರ್ಮೋನುಗಳು ಹುಡುಗಿಯರ ಅಂಡಾಶಯವನ್ನೂ ಹುಡುಗರ ವೃಷಣವನ್ನೂ ಚುರುಕುಗೊಳಿಸುತ್ತವೆ. ಹುಡುಗಿಯರಲ್ಲಿ ಸಾಮಾನ್ಯವಾಗಿ 8ರಿಂದ 13, ಹುಡುಗರಲ್ಲಿ 9ರಿಂದ 14 ವರ್ಷದೊಳಗೆ ಬದಲಾವಣೆ ಆರಂಭವಾಗುತ್ತದೆ. ಹುಡುಗರ ಧ್ವನಿ ಒಡೆಯುವುದು, ಮೀಸೆ ಮೂಡುವುದು, ನಿದ್ದೆಯಲ್ಲಿ ವೀರ್ಯಸ್ಖಲನವಾಗುವುದು ಸಹಜ. ಇದರಿಂದ ಶಕ್ತಿ ಕುಂದುತ್ತದೆಂಬುದು ಸುಳ್ಳು. ಗರ್ಭಕೋಶದ ಒಳಪದರ ತಿಂಗಳಿಗೊಮ್ಮೆ ಕಳಚಿ ರಕ್ತದೊಡನೆ ಹೊರಬರುವುದೇ ಮುಟ್ಟು. ಅದು ಕೆಟ್ಟ ರಕ್ತವೂ ಅಲ್ಲ, ಮೈಲಿಗೆಯೂ ಅಲ್ಲ. ಬಟ್ಟೆ ಬಳಸುವವರು ಅದನ್ನು ಸೋಪಿನಿಂದ ಒಗೆದು, ಕತ್ತಲೆ ಮೂಲೆಯಲ್ಲಿ ಬಚ್ಚಿಡದೆ ಬಿಸಿಲಿನಲ್ಲಿ ಒಣಗಿಸಬೇಕು. ಸರ್ಕಾರಿ ಶಾಲೆಯ ಹುಡುಗಿಯರಿಗೆ ಉಚಿತವಾಗಿ ನ್ಯಾಪ್‌ಕಿನ್ ಕೊಡಲೆಂದು ಆಂಧ್ರಪ್ರದೇಶ ಸರ್ಕಾರವು 2021ರಲ್ಲಿ 'ಸ್ವೇಚ್ಛಾ' ಯೋಜನೆಯನ್ನು ಆರಂಭಿಸಿತು. ಏಳು ದಿನಕ್ಕೂ ಮೀರಿ ಸ್ರಾವವಿದ್ದರೆ ಅಥವಾ ತಾಳಲಾರದ ನೋವಿದ್ದರೆ ವೈದ್ಯರಿಗೆ ತೋರಿಸಬೇಕು.

ಬೆಳೆಯುವ ದೇಹಕ್ಕೆ ರಕ್ತ ಬೇಕು. ನಮ್ಮ ಸೀಮೆಯ ಸಜ್ಜೆ ರೊಟ್ಟಿ, ಶೇಂಗಾ, ನುಗ್ಗೆಸೊಪ್ಪು ಒಳ್ಳೆಯ ಆಹಾರ. ಊಟದೊಡನೆ ನಿಂಬೆರಸವಿದ್ದರೆ ಕಬ್ಬಿಣಾಂಶ ಚೆನ್ನಾಗಿ ಮೈಗೆ ಹತ್ತುತ್ತದೆ. ಊಟವಾದ ಕೂಡಲೇ ಚಹಾ ಕುಡಿದರೆ ಅದು ತಗ್ಗುತ್ತದೆ. ಶಾಲೆಯಲ್ಲಿ ವಾರಕ್ಕೊಮ್ಮೆ ಕೊಡುವ ಕಬ್ಬಿಣಾಂಶದ ಮಾತ್ರೆಯನ್ನು ಎಸೆಯದೆ, ಊಟವಾದ ಮೇಲೆ ನುಂಗಿರಿ.

ದೇಹ ಬೆಳೆದಂತೆ ನಡತೆಯೂ ಬೆಳೆಯಬೇಕು. ಸಹಪಾಠಿಯ ಬಟ್ಟೆಯ ಮೇಲಿನ ಕಲೆಯನ್ನು ಕಂಡು ನಗುವುದು, ಒಡೆದ ಧ್ವನಿಯನ್ನು ಅಣಕಿಸುವುದು ತರವಲ್ಲ. ಹುಡುಗನಾಗಲಿ, ಹುಡುಗಿಯಾಗಲಿ, ಒಬ್ಬರು 'ಬೇಡ' ಎಂದರೆ ಅಲ್ಲಿಗೆ ನಿಲ್ಲಬೇಕು. ಯಾರಾದರೂ, ಬಂಧುವೇ ಆದರೂ, ಕೆಟ್ಟದಾಗಿ ಮುಟ್ಟಿದರೆ ತಪ್ಪು ಮುಟ್ಟಿದವರದು, ನಿಮ್ಮದಲ್ಲ. ನಂಬಿಕಸ್ಥ ಹಿರಿಯರಿಗೆ ಹೇಳಿರಿ, ಇಲ್ಲವೇ 1098ಕ್ಕೆ ದೂರವಾಣಿ ಮಾಡಿರಿ. 18 ವರ್ಷದೊಳಗಿನವರ ರಕ್ಷಣೆಗೆ 2012ರ ಪೋಕ್ಸೊ ಕಾಯಿದೆಯಿದೆ.

ಪೋಷಕರಲ್ಲಿ ಒಂದು ವಿನಂತಿ. ಆದೋನಿ, ಕೋಸಿಗಿ, ಕೌತಾಳಂ ಕಡೆಯ ಅನೇಕ ಕುಟುಂಬಗಳು ಮೆಣಸಿನಕಾಯಿ ಬಿಡಿಸಲು ಗುಂಟೂರು ಕಡೆಗೆ ವಲಸೆ ಹೋಗುತ್ತವೆ. ದೊಡ್ಡವಳಾದ ಮಗಳನ್ನು ಊರಲ್ಲಿ ಒಬ್ಬಳನ್ನೇ ಹೇಗೆ ಬಿಡುವುದೆಂಬ ಭಯ ತಾಯಿತಂದೆಗಳಿಗೆ ಸಹಜವೇ. ಆದರೆ ಆ ಭಯಕ್ಕೆ ಮದುವೆ ಮದ್ದಲ್ಲ. ಮೈನೆರೆಯುವುದು ಬೆಳವಣಿಗೆಯ ಆರಂಭ, ಮುಕ್ತಾಯವಲ್ಲ. ಆಕೆಯ ಸೊಂಟದ ಮೂಳೆಗಳು ಇನ್ನೂ ಬೆಳೆಯುತ್ತಿರುತ್ತವೆ. ಎಳೆ ವಯಸ್ಸಿನ ಬಸುರು ತಾಯಿಗೂ ಕೂಸಿಗೂ ಅಪಾಯ. 2006ರ ಬಾಲ್ಯವಿವಾಹ ನಿಷೇಧ ಕಾಯಿದೆಯಂತೆ ಹುಡುಗಿಗೆ 18, ಹುಡುಗನಿಗೆ 21 ವರ್ಷ ತುಂಬಿರಬೇಕು. ವಲಸೆ ಹೋಗುವ ಮುನ್ನ ಶಾಲೆಗೆ ಬಂದು ಮಾತನಾಡಿರಿ. ವಸತಿನಿಲಯದ ದಾರಿಯನ್ನು ಕೂಡಿ ಹುಡುಕೋಣ.

ಆರತಿ ಎತ್ತಿ ಸಂಭ್ರಮಿಸಿದ ಮಗಳ ಕೈಯಿಂದ ಪುಸ್ತಕವನ್ನು ಕಸಿಯದಿರೋಣ.